ಮಗುವನ್ನು ಬೆಳೆಸುವ ವೆಚ್ಚ ಮತ್ತು ಮೌಲ್ಯ: ಮನೆಯ ಲೆಕ್ಕವನ್ನು ಸರಿಯಾಗಿ ಹಾಕುವ ಕ್ರಮ

ಒಂದು ಮಗುವನ್ನು ಬೆಳೆಸಲು ಎಷ್ಟು ಖರ್ಚಾಗುತ್ತದೆ ಎಂದು ಕೇಳಿದರೆ ಉತ್ತರವಾಗಿ ಸಿಗುವುದು ಸಾಮಾನ್ಯವಾಗಿ ಒಂದು ದೊಡ್ಡ ಮೊತ್ತ. ಅದನ್ನು ಕೇಳಿ ಕೆಲವರು ಗಾಬರಿಯಾಗುತ್ತಾರೆ. ಇನ್ನು ಕೆಲವರು ಮಕ್ಕಳ ವಿಷಯದಲ್ಲಿ ಲೆಕ್ಕಾಚಾರ ಸಲ್ಲದು ಎಂದು ಆ ಮಾತನ್ನೇ ಬಿಟ್ಟುಬಿಡುತ್ತಾರೆ. ಎರಡರಿಂದಲೂ ಮನೆಗೆ ಪ್ರಯೋಜನವಿಲ್ಲ. ಲೆಕ್ಕ ಹಾಕದೆ ಬಿಟ್ಟ ಮಾತ್ರಕ್ಕೆ ಖರ್ಚು ಇಲ್ಲವಾಗುವುದಿಲ್ಲ. ಅದು ಯಾರಿಗೂ ಕಾಣದಂತೆ ಮನೆಯ ಒಬ್ಬರ ಮೇಲೆ, ಬಹುತೇಕ ಸಂದರ್ಭಗಳಲ್ಲಿ ತಾಯಿಯ ಮೇಲೆ, ಬೀಳುತ್ತದೆ. ಲೆಕ್ಕ ಹಾಕಬೇಕಾದದ್ದು ಮಗುವಿಗೆ ಬೆಲೆ ಕಟ್ಟಲು ಅಲ್ಲ, ಆ ಹೊರೆಯನ್ನು ಕಣ್ಣಿಗೆ ಕಾಣುವಂತೆ ಮಾಡಿ ಹಂಚಿಕೊಳ್ಳಲು. ಈ ಬರಹದಲ್ಲಿ ಆ ಲೆಕ್ಕವನ್ನು ಹೇಗೆ ಹಾಕಬೇಕು, ಎಲ್ಲಿ ತಪ್ಪುಗಳು ನುಸುಳುತ್ತವೆ, ಮತ್ತು ಬಂದ ಮೊತ್ತವನ್ನು ಏನು ಮಾಡಬೇಕು ಎಂಬುದನ್ನು ವಿವರಿಸಿದೆ. ಬೇಕಾಗುವುದು ಒಂದು ನೋಟ್‌ಬುಕ್ ಅಥವಾ ಸ್ಪ್ರೆಡ್‌ಶೀಟ್, ಹಿಂದಿನ ಕೆಲವು ತಿಂಗಳುಗಳ ಖರ್ಚಿನ ವಿವರ, ಮತ್ತು ಮನೆಯ ಹಿರಿಯರಿಬ್ಬರೂ ಒಟ್ಟಿಗೆ ಕುಳಿತುಕೊಳ್ಳುವ ಬಿಡುವು. ಒಬ್ಬರೇ ಹಾಕಿದ ಲೆಕ್ಕ ಎಷ್ಟೇ ನಿಖರವಾಗಿದ್ದರೂ ಇನ್ನೊಬ್ಬರು ಅದನ್ನು ತಮ್ಮದೆಂದು ಒಪ್ಪಿಕೊಳ್ಳುವುದು ಕಷ್ಟ.

ಮೊದಲು ಪ್ರಶ್ನೆ ಯಾವುದೆಂದು ತೀರ್ಮಾನಿಸಿ

ಎಷ್ಟು ಖರ್ಚು ಎಂಬ ಮಾತಿನೊಳಗೆ ಕನಿಷ್ಠ ಮೂರು ಬೇರೆ ಬೇರೆ ಪ್ರಶ್ನೆಗಳಿವೆ. ಮಗು ಇಲ್ಲದಿದ್ದರೆ ಆಗದೇ ಇದ್ದ ಹೆಚ್ಚುವರಿ ಖರ್ಚು ಎಷ್ಟು ಎಂಬುದು ಮೊದಲನೆಯದು. ಮನೆಯ ಒಟ್ಟು ಖರ್ಚಿನಲ್ಲಿ ಮಗುವಿನ ಪಾಲು ಎಷ್ಟು ಎಂಬುದು ಎರಡನೆಯದು. ಮಗುವನ್ನು ಆರೋಗ್ಯವಾಗಿ, ಮರ್ಯಾದೆಯಿಂದ ಬೆಳೆಸಲು ಕನಿಷ್ಠ ಎಷ್ಟು ಬೇಕು ಎಂಬುದು ಮೂರನೆಯದು. ಮೂರಕ್ಕೂ ಬರುವ ಉತ್ತರ ಬೇರೆ. ಉದಾಹರಣೆಗೆ ಮನೆ ಬಾಡಿಗೆಯನ್ನು ತೆಗೆದುಕೊಳ್ಳಿ. ಇಬ್ಬರಿದ್ದ ಮನೆಗೆ ಮಗು ಬಂದಾಗ ಬಾಡಿಗೆಯನ್ನು ಮೂವರಿಗೆ ಸಮನಾಗಿ ಹಂಚಿದರೆ ಮೂರನೇ ಒಂದು ಭಾಗ ಮಗುವಿನ ಖರ್ಚಾಗಿ ಕಾಣುತ್ತದೆ. ಆದರೆ ಕುಟುಂಬ ಅದೇ ಮನೆಯಲ್ಲಿ ಉಳಿದಿದ್ದರೆ ಹೆಚ್ಚುವರಿ ಖರ್ಚು ಸೊನ್ನೆ. ಅಮೆರಿಕದ ಕೃಷಿ ಇಲಾಖೆ 1960ರಿಂದ ಮಕ್ಕಳ ಮೇಲಿನ ವೆಚ್ಚವನ್ನು ಅಂದಾಜು ಮಾಡುತ್ತ ಬಂದಿತ್ತು. ಅದರ ಇತ್ತೀಚಿನ ವರದಿಗಳಲ್ಲಿ ಬಾಡಿಗೆಯನ್ನು ತಲೆಗಿಷ್ಟು ಎಂದು ಹಂಚುವ ಬದಲು, ಒಂದು ಹೆಚ್ಚುವರಿ ಮಲಗುವ ಕೋಣೆಗೆ ಎಷ್ಟು ಬೀಳುತ್ತದೆ ಎಂಬುದನ್ನೇ ಮಗುವಿನ ವಸತಿ ವೆಚ್ಚವೆಂದು ಹಿಡಿಯಲಾಗಿದೆ. ಮನೆಯ ತೀರ್ಮಾನಗಳಿಗೆ ಈ ಹೆಚ್ಚುವರಿ ಖರ್ಚಿನ ಕ್ರಮವೇ ಸರಿ ಎಂಬುದು ನನ್ನ ಅಭಿಪ್ರಾಯ. ಪಾಲು ಹಂಚುವ ಕ್ರಮ, ಪೋಷಕರು ಬೇರೆಯಾದಾಗ ಜೀವನಾಂಶ ನಿಗದಿ ಮಾಡುವಂಥ ಸಂದರ್ಭಗಳಲ್ಲಿ ಉಪಯೋಗಕ್ಕೆ ಬರುತ್ತದೆ; ಕನಿಷ್ಠ ಅಗತ್ಯದ ಲೆಕ್ಕ ಸರ್ಕಾರಿ ಸಹಾಯಧನವನ್ನು ರೂಪಿಸುವವರಿಗೆ ಬೇಕು.

ರಸೀದಿ ಸಿಗುವ ಖರ್ಚು

ಪುಟವನ್ನು ಮೂರು ಕಂಬಸಾಲುಗಳಾಗಿ ಮಾಡಿ. ಮೊದಲನೆಯದರಲ್ಲಿ ತಿಂಗಳು ತಿಂಗಳೂ ಬರುವ, ಮಗುವಿಗೆಂದೇ ಆಗುವ ಖರ್ಚುಗಳನ್ನು ಬರೆಯಿರಿ: ಆಹಾರ, ಬಟ್ಟೆ, ಡೈಪರ್, ಔಷಧಿ, ಶಿಶುಪಾಲನಾ ಕೇಂದ್ರದ ಅಥವಾ ಶಾಲೆಯ ಶುಲ್ಕ, ಅಲ್ಲಿಗೆ ಹೋಗಿಬರುವ ಖರ್ಚು. ಎರಡನೆಯದರಲ್ಲಿ ಒಮ್ಮೆಗೆ ದೊಡ್ಡದಾಗಿ ಬಂದು ಹಲವು ವರ್ಷ ಬಾಳುವ ಖರ್ಚುಗಳು ಬರುತ್ತವೆ: ತೊಟ್ಟಿಲು, ತಳ್ಳುಗಾಡಿ, ಓದುವ ಮೇಜು, ದೊಡ್ಡ ಮನೆಗೆ ಹೋಗುವಾಗ ಕೊಡುವ ಮುಂಗಡ. ಇವನ್ನು ಕೊಂಡ ತಿಂಗಳಿಗೇ ಪೂರ್ತಿ ಬರೆದುಕೊಂಡರೆ ಆ ತಿಂಗಳು ಭಯ ಹುಟ್ಟಿಸುತ್ತದೆ, ಮುಂದಿನ ತಿಂಗಳುಗಳು ಸುಳ್ಳು ಸಮಾಧಾನ ಕೊಡುತ್ತವೆ. ಆದ್ದರಿಂದ ಮಾರಿದರೆ ಮರಳಿ ಬರುವ ಹಣವನ್ನು ಕಳೆದು, ಉಳಿದದ್ದನ್ನು ಬಳಸುವ ತಿಂಗಳುಗಳಿಗೆ ಭಾಗಿಸಬೇಕು. ಉದಾಹರಣೆಗೆ (ಯಾವ ದೇಶದ ಹಣವಾದರೂ ಆಗಲಿ), 120 ಕೊಟ್ಟು ತಂದ ತಳ್ಳುಗಾಡಿ ಮೂರು ವರ್ಷದ ನಂತರ 48ಕ್ಕೆ ಮಾರಾಟವಾಗುವುದಾದರೆ ಅದರ ನಿಜವಾದ ಖರ್ಚು 72, ಅಂದರೆ 36 ತಿಂಗಳುಗಳ ಕಾಲ ತಿಂಗಳಿಗೆ 2. ಅದನ್ನೇ ಎರಡನೆಯ ಮಗುವಿಗೂ ಇಟ್ಟುಕೊಂಡರೆ ಇನ್ನೂ ಕಡಿಮೆ. ಮೂರನೆಯ ಕಂಬಸಾಲು ಹಂಚಿಕೆಯ ಖರ್ಚುಗಳದ್ದು: ವಿದ್ಯುತ್, ನೀರು, ಇಂಧನ, ವಸತಿ. ಇಲ್ಲಿ ಮಗು ಬರುವ ಮೊದಲಿನ ವರ್ಷದ ಅದೇ ತಿಂಗಳ ಬಿಲ್ಲಿಗೂ ಈಗಿನ ಬಿಲ್ಲಿಗೂ ಇರುವ ವ್ಯತ್ಯಾಸವನ್ನು, ಹಣದುಬ್ಬರವನ್ನು ಕಳೆದು, ಬರೆದರೆ ಸಾಕು.

ಯಾವ ಬಾಬತ್ತು ದೊಡ್ಡದಾಗಿ ಬರುತ್ತದೆ ಎಂಬ ಅಂದಾಜು ಮೊದಲೇ ಇದ್ದರೆ ಗಮನ ಸರಿಯಾದ ಕಡೆ ಇರುತ್ತದೆ. ಮೇಲೆ ಹೇಳಿದ ಇಲಾಖೆ 2017ರಲ್ಲಿ ಪ್ರಕಟಿಸಿದ ವರದಿಯಲ್ಲಿ, ಮಧ್ಯಮ ಆದಾಯದ ದಂಪತಿಗಳು ಮಗುವಿನ 17ನೆಯ ವಯಸ್ಸು ಮುಗಿಯುವವರೆಗೆ ಮಾಡುವ ವೆಚ್ಚದಲ್ಲಿ ವಸತಿಯ ಪಾಲು ಶೇಕಡ 29, ಆಹಾರದ್ದು ಶೇಕಡ 18, ಪಾಲನೆ ಮತ್ತು ಶಿಕ್ಷಣದ್ದು ಶೇಕಡ 16, ಸಾರಿಗೆಯದು ಶೇಕಡ 15. ಬಟ್ಟೆಯ ಪಾಲು ಕೇವಲ ಶೇಕಡ 6. ದೇಶದಿಂದ ದೇಶಕ್ಕೆ ಈ ಪ್ರಮಾಣ ಬದಲಾಗುತ್ತದೆ. ಶಾಲೆ ಮತ್ತು ಆಸ್ಪತ್ರೆಯ ಖರ್ಚನ್ನು ಸರ್ಕಾರವೇ ಭರಿಸುವ ಕಡೆ ಚಿತ್ರ ಬೇರೆ. ಆದರೂ ಒಂದು ಮಾತನ್ನು ಗಮನಿಸಬೇಕು: ಪೋಷಕರು ಹೆಚ್ಚು ಚರ್ಚಿಸುವ ಆಟಿಕೆ, ಬಟ್ಟೆಬರೆಗಳ ಖರ್ಚು ಚಿಕ್ಕದು; ಎಲ್ಲಿ ವಾಸಿಸುತ್ತೇವೆ, ಮಗುವನ್ನು ಹಗಲು ಯಾರು ನೋಡಿಕೊಳ್ಳುತ್ತಾರೆ ಎಂಬ ಒಂದೆರಡು ತೀರ್ಮಾನಗಳೇ ಮೊತ್ತವನ್ನು ನಿರ್ಧರಿಸುತ್ತವೆ. ಈ ವರದಿಯಲ್ಲಿ ಉನ್ನತ ಶಿಕ್ಷಣದ ವೆಚ್ಚ ಸೇರಿಲ್ಲ ಎಂಬುದನ್ನೂ ನೆನಪಿಡಬೇಕು. ನಿಮ್ಮ ಪುಟದಲ್ಲಿ ಅದಕ್ಕೆ ಪ್ರತ್ಯೇಕ ಸಾಲು ಇರಲಿ.

ಲೆಕ್ಕ ಸರಿಯಾಗಿದೆಯೇ ಎಂದು ಪರೀಕ್ಷಿಸಿಕೊಳ್ಳಲು ಅರ್ಥಶಾಸ್ತ್ರಜ್ಞರ ಎರಡು ಹಳೆಯ ಉಪಾಯಗಳಿವೆ. ಜರ್ಮನಿಯ ಸಂಖ್ಯಾಶಾಸ್ತ್ರಜ್ಞ ಅರ್ನ್ಸ್ಟ್ ಎಂಗೆಲ್, ಆದಾಯ ಹೆಚ್ಚಿದಂತೆ ಆಹಾರಕ್ಕೆ ಹೋಗುವ ಪಾಲು ಕಡಿಮೆಯಾಗುತ್ತದೆ ಎಂಬುದನ್ನು 1857ರಲ್ಲಿ ತೋರಿಸಿಕೊಟ್ಟ. ಅದರ ಆಧಾರದ ಮೇಲೆ, ಮಗು ಬಂದ ನಂತರ ಆಹಾರದ ಪಾಲು ಮೊದಲಿನ ಮಟ್ಟಕ್ಕೆ ಇಳಿಯಬೇಕಾದರೆ ಆದಾಯ ಎಷ್ಟು ಹೆಚ್ಚಬೇಕು ಎಂಬುದನ್ನು ಮಗುವಿನ ವೆಚ್ಚವೆಂದು ಎಣಿಸುವ ಕ್ರಮ ಬಂದಿತು. ಮಕ್ಕಳ ಅಗತ್ಯಗಳಲ್ಲಿ ಆಹಾರವೇ ಮುಖ್ಯವಾದ್ದರಿಂದ ಈ ಕ್ರಮದಲ್ಲಿ ವೆಚ್ಚ ಇರುವುದಕ್ಕಿಂತ ಹೆಚ್ಚಾಗಿ ಕಾಣುತ್ತದೆ. 1943ರಲ್ಲಿ ಅರ್ವಿನ್ ರಾತ್‌ಬಾರ್ತ್ ಸೂಚಿಸಿದ ಕ್ರಮ ಇದಕ್ಕೆ ವಿರುದ್ಧ ತುದಿಯಿಂದ ಹೊರಡುತ್ತದೆ: ಹಿರಿಯರು ಮಾತ್ರ ಬಳಸುವ ವಸ್ತುಗಳ ಮೇಲಿನ ಖರ್ಚು ಎಷ್ಟು ಇಳಿದಿದೆ ಎಂದು ನೋಡಿದರೆ ಮಗುವಿಗಾಗಿ ಅವರು ಎಷ್ಟು ಬಿಟ್ಟುಕೊಟ್ಟಿದ್ದಾರೆ ಎಂಬುದು ತಿಳಿಯುತ್ತದೆ. ಇದರಲ್ಲಿ ವೆಚ್ಚ ಕಡಿಮೆಯಾಗಿ ಕಾಣುವ ಸಂಭವವಿದೆ. ಮನೆಯ ಮಟ್ಟಿಗೆ ಎರಡನೆಯ ಕ್ರಮ ಸುಲಭ ಮತ್ತು ಪ್ರಾಮಾಣಿಕ. ಮಗು ಬರುವ ಮುನ್ನಿನ ಒಂದು ವರ್ಷದಲ್ಲಿ ಇಬ್ಬರೂ ತಮ್ಮ ಬಟ್ಟೆ, ಪ್ರವಾಸ, ಪುಸ್ತಕ, ಹವ್ಯಾಸಗಳಿಗೆ ಮಾಡಿದ ಖರ್ಚನ್ನು ಬೇರೆ ಬೇರೆಯಾಗಿ ಬರೆದು ಈಗಿನದರೊಂದಿಗೆ ಹೋಲಿಸಿ ನೋಡಿ. ಒಬ್ಬರ ಖರ್ಚು ಅರ್ಧಕ್ಕಿಳಿದು ಇನ್ನೊಬ್ಬರದು ಹಾಗೆಯೇ ಉಳಿದಿದ್ದರೆ, ಮಗುವಿನ ಖರ್ಚನ್ನು ಯಾರು ಭರಿಸುತ್ತಿದ್ದಾರೆ ಎಂಬುದು ಬೇರೆ ವಿವರಣೆಯಿಲ್ಲದೆ ಅರ್ಥವಾಗುತ್ತದೆ.

ಎರಡನೆಯ ಮಗುವಿಗೆ ಎರಡರಷ್ಟಲ್ಲ

ಒಂದು ಮಗುವಿನ ಮೊತ್ತವನ್ನು ಎರಡರಿಂದ ಗುಣಿಸುವುದು ಸಾಮಾನ್ಯವಾದ ತಪ್ಪು. ಕೋಣೆ, ಬಟ್ಟೆ, ಪುಸ್ತಕ, ಪ್ರಯಾಣ ಹಂಚಿಕೆಯಾಗುತ್ತವೆ. ಅದೇ ಅಮೆರಿಕದ ವರದಿಯ ಪ್ರಕಾರ, ಎರಡು ಮಕ್ಕಳಿರುವ ಮನೆಗೆ ಹೋಲಿಸಿದರೆ ಒಂದೇ ಮಗುವಿರುವ ಮನೆ ಆ ಮಗುವಿನ ಮೇಲೆ ಶೇಕಡ 27ರಷ್ಟು ಹೆಚ್ಚು ಖರ್ಚು ಮಾಡುತ್ತದೆ. ಮೂರು ಅಥವಾ ಹೆಚ್ಚು ಮಕ್ಕಳಿರುವ ಮನೆಯಲ್ಲಿ ತಲಾ ಖರ್ಚು ಶೇಕಡ 24ರಷ್ಟು ಕಡಿಮೆ. ಬಡತನವನ್ನು ಅಳೆಯುವವರು ಬಳಸುವ ಪರಿಷ್ಕೃತ ಒಇಸಿಡಿ (ಆರ್ಥಿಕ ಸಹಕಾರ ಮತ್ತು ಅಭಿವೃದ್ಧಿ ಸಂಸ್ಥೆ) ಮಾಪಕವೂ ಇಂಥದೇ ಅಂದಾಜಿನ ಮೇಲೆ ನಿಂತಿದೆ. ಅದರಲ್ಲಿ ಮನೆಯ ಮೊದಲ ವಯಸ್ಕರಿಗೆ 1, ಇನ್ನೊಬ್ಬ ವಯಸ್ಕರಿಗೆ 0.5, 14 ವರ್ಷದೊಳಗಿನ ಪ್ರತಿ ಮಗುವಿಗೆ 0.3 ಎಂಬ ತೂಕವಿದೆ. ದಂಪತಿಗಳ ತೂಕ 1.5, ಮಗು ಬಂದಾಗ 1.8, ಅಂದರೆ ಮೊದಲಿನ ಜೀವನಮಟ್ಟವನ್ನು ಉಳಿಸಿಕೊಳ್ಳಲು ಆದಾಯ ಶೇಕಡ 20ರಷ್ಟು ಹೆಚ್ಚಬೇಕು. ಎರಡನೆಯ ಮಗುವಿನೊಂದಿಗೆ ಅದು 2.1 ಆಗುತ್ತದೆ; ಈ ಬಾರಿಯ ಏರಿಕೆ ಶೇಕಡ 17ಕ್ಕಿಂತ ಸ್ವಲ್ಪ ಕಡಿಮೆ. ಮಗು 14 ದಾಟಿದ ಮೇಲೆ ಅದರ ತೂಕ 0.5ಕ್ಕೆ ಏರುತ್ತದೆ. ಹದಿಹರೆಯದ ಮಕ್ಕಳ ಊಟ, ಬಟ್ಟೆ, ಓಡಾಟಗಳನ್ನು ನೋಡಿದವರಿಗೆ ಇದರಲ್ಲಿ ಆಶ್ಚರ್ಯವಿಲ್ಲ. ಇವೆಲ್ಲ ಒರಟು ಅಂದಾಜುಗಳು. ಹಳೆಯ ಮಾಪಕದಲ್ಲಿ ಎರಡನೆಯ ವಯಸ್ಕರಿಗೆ 0.7, ಮಗುವಿಗೆ 0.5 ಇತ್ತು; ಅದರ ಪ್ರಕಾರ ಮೊದಲ ಮಗುವಿಗೇ ಸುಮಾರು ಶೇಕಡ 29ರಷ್ಟು ಹೆಚ್ಚು ಆದಾಯ ಬೇಕು. ಆದ್ದರಿಂದ ನಿಮ್ಮ ಯೋಜನೆಯಲ್ಲಿ ಒಂದೇ ಅಂಕಿಯ ಬದಲು 20ರಿಂದ 30ರ ನಡುವಿನ ವ್ಯಾಪ್ತಿಯನ್ನು ಇಟ್ಟುಕೊಳ್ಳಿ.

ಆದರೆ ಈ ಯಾವ ಮಾಪಕವೂ ಮಗುವಿನ ಹಿಂದೆ ಕಳೆಯುವ ಗಂಟೆಗಳನ್ನು ಎಣಿಸುವುದಿಲ್ಲ. ದೊಡ್ಡ ಖರ್ಚು ಇರುವುದು ಅಲ್ಲಿಯೇ.

ರಸೀದಿ ಸಿಗದ ಖರ್ಚು: ಕೈತಪ್ಪಿದ ಗಳಿಕೆ

ಮನುಷ್ಯರ ಸಮಯಕ್ಕೂ ಬೆಲೆಯಿದೆ, ಮಕ್ಕಳ ಖರ್ಚಿನಲ್ಲಿ ಅದನ್ನು ಸೇರಿಸದಿದ್ದರೆ ಲೆಕ್ಕ ಪೂರ್ಣವಾಗುವುದಿಲ್ಲ ಎಂಬ ವಾದವನ್ನು 1960ರ ದಶಕದಲ್ಲಿ ವ್ಯವಸ್ಥಿತವಾಗಿ ಮಂಡಿಸಿದವರು ಗ್ಯಾರಿ ಬೆಕರ್. 1992ರಲ್ಲಿ ಅವರಿಗೆ ಅರ್ಥಶಾಸ್ತ್ರದ ನೊಬೆಲ್ ಪ್ರಶಸ್ತಿ ಬಂದಿತು. ಆದಾಯ ಹೆಚ್ಚಿದಂತೆ ಕುಟುಂಬಗಳು ಏಕೆ ಕಡಿಮೆ ಮಕ್ಕಳನ್ನು ಪಡೆದು ಪ್ರತಿ ಮಗುವಿನ ಮೇಲೆ ಹೆಚ್ಚು ಖರ್ಚು ಮಾಡುತ್ತವೆ ಎಂಬುದಕ್ಕೆ ಇದು ಒಂದು ಮುಖ್ಯ ಕಾರಣ: ತಾಯಿಯ ಸಂಬಳ ಏರಿದಂತೆ ಅವಳ ಪ್ರತಿ ಗಂಟೆಯೂ ದುಬಾರಿಯಾಗುತ್ತದೆ.

ಮನೆಯಲ್ಲಿ ಈ ಲೆಕ್ಕ ತಪ್ಪುವ ಬಗೆ ಬಹುತೇಕ ಒಂದೇ ಆಗಿರುತ್ತದೆ. ಕಡಿಮೆ ಸಂಬಳದವರ ತಿಂಗಳ ಗಳಿಕೆಯ ಪಕ್ಕದಲ್ಲಿ ಶಿಶುಪಾಲನಾ ಕೇಂದ್ರದ ಶುಲ್ಕವನ್ನು ಇಟ್ಟು, ಉಳಿಯುವುದು ಇಷ್ಟೇ ತಾನೆ, ಇಷ್ಟಕ್ಕಾಗಿ ಕೆಲಸಕ್ಕೆ ಏಕೆ ಹೋಗಬೇಕು ಎಂದು ಕೇಳಲಾಗುತ್ತದೆ. ಈ ಹೋಲಿಕೆಯಲ್ಲಿ ಮೂರು ದೋಷಗಳಿವೆ. ಶುಲ್ಕ ಇಡೀ ಕುಟುಂಬದ ಖರ್ಚಾಗಿದ್ದರೂ ಅದನ್ನು ಒಬ್ಬರ ಸಂಬಳದಿಂದ ಮಾತ್ರ ಕಳೆಯಲಾಗಿದೆ. ಶುಲ್ಕ ಕೆಲವೇ ವರ್ಷಗಳ ಖರ್ಚು, ಆದರೆ ಕೆಲಸ ಬಿಟ್ಟದ್ದರ ಪರಿಣಾಮ ನಿವೃತ್ತಿಯವರೆಗೂ ಉಳಿಯುತ್ತದೆ. ಪಿಂಚಣಿ, ಭವಿಷ್ಯನಿಧಿ, ವಿಮೆಯಂಥ ಸವಲತ್ತುಗಳು ಲೆಕ್ಕಕ್ಕೇ ಬಂದಿಲ್ಲ.

ಒಂದು ಉದಾಹರಣೆಯನ್ನು ಪೂರ್ತಿಯಾಗಿ ಮಾಡಿ ನೋಡೋಣ. ದಂಪತಿಗಳಲ್ಲಿ ಒಬ್ಬರ ತಿಂಗಳ ಗಳಿಕೆ 100, ಇನ್ನೊಬ್ಬರದು 80 ಎಂದಿರಲಿ. ಪಾಲನೆಯ ಶುಲ್ಕ ಮತ್ತು ಓಡಾಟಕ್ಕೆ 35 ಬೇಕು. ಎರಡನೆಯವರು ಐದು ವರ್ಷ ಕೆಲಸ ಬಿಡುತ್ತಾರೆ. ಸಾಮಾನ್ಯ ಲೆಕ್ಕದಲ್ಲಿ ತಿಂಗಳಿಗೆ 80ರಿಂದ 35 ಕಳೆದರೆ 45, ಐದು ವರ್ಷಕ್ಕೆ 2,700. ಅಷ್ಟನ್ನು ಬಿಟ್ಟುಕೊಟ್ಟೆವು ಎಂದುಕೊಳ್ಳುತ್ತಾರೆ. ಈಗ ಅವರ ಸಂಬಳ ವರ್ಷಕ್ಕೆ ಶೇಕಡ 4ರಂತೆ ಏರುತ್ತಿತ್ತು ಎಂದು ಸೇರಿಸಿಕೊಳ್ಳಿ. ಬಿಡದಿದ್ದರೆ ಐದು ವರ್ಷದ ಕೊನೆಗೆ ಅವರ ಗಳಿಕೆ ಸುಮಾರು 97 ಆಗಿರುತ್ತಿತ್ತು. ಮರಳಿ ಸೇರಿದಾಗ ಹಳೆಯ 80ಕ್ಕೇ ಸೇರಿದರೆ, ಅಲ್ಲಿಂದ ಮುಂದೆ ಪ್ರತಿ ವರ್ಷವೂ ಅವರು ಇರಬೇಕಾದದ್ದಕ್ಕಿಂತ ಸುಮಾರು ಶೇಕಡ 18ರಷ್ಟು ಕೆಳಗಿರುತ್ತಾರೆ. ಭವಿಷ್ಯದ ಹಣವನ್ನು ಇಂದಿನ ಬೆಲೆಗೆ ಇಳಿಸುವ ದರವನ್ನೂ ಶೇಕಡ 4 ಎಂದೇ ಹಿಡಿದರೆ ಲೆಕ್ಕ ಸುಲಭವಾಗುತ್ತದೆ, ಏಕೆಂದರೆ ಏರಿಕೆ ಮತ್ತು ಇಳಿಕೆ ಒಂದನ್ನೊಂದು ಸರಿದೂಗಿಸುತ್ತವೆ. ವರ್ಷದ ಗಳಿಕೆ 960. ಐದು ವರ್ಷದ ನಷ್ಟ 4,800. ನಂತರದ 25 ವರ್ಷಗಳಲ್ಲಿ ವರ್ಷಕ್ಕೆ ಸುಮಾರು 171ರಂತೆ ಇನ್ನೂ 4,275. ಒಟ್ಟು 9,075. ಕೊಡದೆ ಉಳಿಸಿದ ಪಾಲನೆಯ ಶುಲ್ಕ 2,100ನ್ನು ಕಳೆದರೆ 6,975. ಮೊದಲು ಕಂಡ 2,700ರ ಎರಡೂವರೆ ಪಟ್ಟು. ಪಿಂಚಣಿಯನ್ನು ಇನ್ನೂ ಸೇರಿಸಿಲ್ಲ.

ಇದೇ ಉದಾಹರಣೆಯಲ್ಲಿ ಶುಲ್ಕ 80 ಇದೆ, ಅಂದರೆ ಇಡೀ ಸಂಬಳ ಅದಕ್ಕೇ ಹೋಗುತ್ತದೆ ಎಂದು ಭಾವಿಸಿ. ಆಗಲೂ ಕೆಲಸದಲ್ಲಿ ಉಳಿದವರಿಗೆ ನಂತರದ ವರ್ಷಗಳ 4,275 ಉಳಿಯುತ್ತದೆ. ಕೈಯಲ್ಲಿ ಏನೂ ಉಳಿಯದ ಆ ಐದು ವರ್ಷಗಳು ವ್ಯರ್ಥವಲ್ಲ ಎಂಬುದು ತಿಂಗಳ ಲೆಕ್ಕದಲ್ಲಿ ಎಂದಿಗೂ ಕಾಣುವುದಿಲ್ಲ. ನಿಮ್ಮ ಸಂಬಳ, ನಿಮ್ಮ ಕ್ಷೇತ್ರದ ಏರಿಕೆಯ ದರ, ಉಳಿದಿರುವ ವರ್ಷಗಳನ್ನು ಹಾಕಿ ಇದನ್ನು ನೀವೇ ಮಾಡಿ ನೋಡಬೇಕು. ಸಂಬಳ ಏರದ ಕೆಲಸವಾದರೆ ನಂತರದ ನಷ್ಟ ಚಿಕ್ಕದಾಗುತ್ತದೆ. ಅನುಭವಕ್ಕೆ ಹೆಚ್ಚು ಬೆಲೆಯಿರುವ ವೃತ್ತಿಯಾದರೆ ಬಹಳ ದೊಡ್ಡದಾಗುತ್ತದೆ.

ಇದು ಕಾಗದದ ಮೇಲಿನ ಊಹೆ ಮಾತ್ರವಲ್ಲ. ಅರ್ಥಶಾಸ್ತ್ರಜ್ಞ ಹೆನ್ರಿಕ್ ಕ್ಲೆವನ್ ಮತ್ತು ಸಹೋದ್ಯೋಗಿಗಳು ಡೆನ್ಮಾರ್ಕಿನ ದಾಖಲೆಗಳನ್ನು ಆಧರಿಸಿ 2019ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಮೊದಲ ಮಗು ಹುಟ್ಟುವವರೆಗೆ ಜೊತೆಜೊತೆಯಾಗಿ ಸಾಗುತ್ತಿದ್ದ ಗಂಡು ಮತ್ತು ಹೆಣ್ಣಿನ ಗಳಿಕೆಗಳು ಆ ನಂತರ ಬೇರೆಯಾಗಿ, ದೀರ್ಘಾವಧಿಯಲ್ಲಿ ಹೆಣ್ಣಿನ ಗಳಿಕೆ ಸುಮಾರು ಶೇಕಡ 20ರಷ್ಟು ಹಿಂದೆ ಉಳಿದದ್ದು ಕಂಡುಬಂದಿತು. ತಂದೆಯರ ಗಳಿಕೆಯಲ್ಲಿ ಇಂಥ ಕುಸಿತ ಇರಲಿಲ್ಲ. ಪಾಲನಾ ರಜೆ ಮತ್ತು ಸರ್ಕಾರಿ ಶಿಶುಪಾಲನೆ ಉದಾರವಾಗಿರುವ ದೇಶವೊಂದರ ಮಾತು ಇದು. ದುಡಿಯುವ ಮಹಿಳೆಯರ ಗಳಿಕೆಯ ಇತಿಹಾಸವನ್ನು ಅಧ್ಯಯನ ಮಾಡಿ 2023ರಲ್ಲಿ ನೊಬೆಲ್ ಪಡೆದ ಕ್ಲಾಡಿಯಾ ಗೋಲ್ಡಿನ್ ಅವರೂ, ಈಗ ಉಳಿದಿರುವ ವೇತನದ ಅಂತರದ ಬಹುಭಾಗ ಮೊದಲ ಮಗುವಿನೊಂದಿಗೆ ಹುಟ್ಟುತ್ತದೆ ಎಂದು ತೋರಿಸಿದ್ದಾರೆ.

ಇದನ್ನೆಲ್ಲ ಹೇಳುವುದು ಎಲ್ಲರೂ ಕೆಲಸಕ್ಕೆ ಹೋಗಲೇಬೇಕು ಎಂದಲ್ಲ. ಮಗುವಿನ ಮೊದಲ ವರ್ಷಗಳನ್ನು ಜೊತೆಯಲ್ಲಿ ಕಳೆಯಬೇಕೆಂಬುದು ಗೌರವಿಸಬೇಕಾದ ಆಯ್ಕೆ. ಅದಕ್ಕಾಗಿ 7,000 ಬಿಟ್ಟುಕೊಡಲು ಇಬ್ಬರೂ ಸಿದ್ಧರಿದ್ದರೆ ಅದು ಒಳ್ಳೆಯ ತೀರ್ಮಾನವೇ. ಆದರೆ 2,700 ಎಂದು ತಿಳಿದು 7,000 ಕಳೆದುಕೊಳ್ಳಬಾರದು, ಮತ್ತು ಕುಟುಂಬದ ತೀರ್ಮಾನದ ನಷ್ಟ ಒಬ್ಬರ ಹೆಸರಿನಲ್ಲಿ ಮಾತ್ರ ಉಳಿಯಬಾರದು. ಆದ್ದರಿಂದ ಕೆಲಸ ಬಿಡುವ ಮುನ್ನವೇ ಒಂದು ವ್ಯವಸ್ಥೆ ಮಾಡಿಕೊಳ್ಳಿ: ಗಳಿಸುವವರ ಸಂಬಳದಿಂದ ಪ್ರತಿ ತಿಂಗಳೂ ಒಂದು ನಿರ್ದಿಷ್ಟ ಮೊತ್ತ ಮನೆಯಲ್ಲಿರುವವರ ಹೆಸರಿನ ನಿವೃತ್ತಿ ಉಳಿತಾಯಕ್ಕೆ ಹೋಗಬೇಕು. ಬಿಟ್ಟ ಕೆಲಸದಲ್ಲಿ ನೌಕರ ಮತ್ತು ಮಾಲೀಕ ಇಬ್ಬರೂ ಸೇರಿ ಎಷ್ಟು ಕಟ್ಟುತ್ತಿದ್ದರೋ ಅದು ಕನಿಷ್ಠ ಮೊತ್ತ. ಕೆಲಸವನ್ನು ಪೂರ್ತಿ ಬಿಡುವ ಬದಲು ಗಂಟೆಗಳನ್ನು ಕಡಿಮೆ ಮಾಡಿಕೊಳ್ಳುವುದು, ಇಬ್ಬರೂ ಸರದಿಯ ಮೇಲೆ ರಜೆ ತೆಗೆದುಕೊಳ್ಳುವುದು, ವೃತ್ತಿಯ ಪರವಾನಗಿ ಅಥವಾ ತರಬೇತಿಯನ್ನು ಚಾಲ್ತಿಯಲ್ಲಿಡುವುದು ಇವೆಲ್ಲವನ್ನೂ ಇದೇ ಲೆಕ್ಕದಲ್ಲಿ ಹಾಕಿ ನೋಡಬಹುದು. ವರ್ಷಕ್ಕೊಮ್ಮೆ ಕಟ್ಟುವ ಚಿಕ್ಕ ಪರವಾನಗಿ ಶುಲ್ಕ ಮರಳಿ ಸೇರುವಾಗಿನ ಸಂಬಳವನ್ನು ಕಾಪಾಡಬಲ್ಲದು.

ಆರೈಕೆಯ ಗಂಟೆಗಳಿಗೆ ಬೆಲೆ

ಮನೆಯಲ್ಲಿ ಸಂಬಳವಿಲ್ಲದೆ ಮಾಡುವ ಆರೈಕೆಯನ್ನು ಎಣಿಸಲು ಅರ್ಥಶಾಸ್ತ್ರಜ್ಞೆ ಮಾರ್ಗರೆಟ್ ರೀಡ್ 1934ರಲ್ಲಿ ಕೊಟ್ಟ ಅಳತೆಗೋಲು ಇಂದಿಗೂ ಬಳಕೆಯಲ್ಲಿದೆ: ಒಂದು ಕೆಲಸವನ್ನು ಹಣ ಕೊಟ್ಟು ಮೂರನೆಯವರಿಂದ ಮಾಡಿಸಬಹುದಾದರೆ ಅದು ಉತ್ಪಾದಕ ಕೆಲಸ. ಮಗುವಿಗೆ ಸ್ನಾನ ಮಾಡಿಸುವುದು ಹಾಗೆ ಕೆಲಸ; ಮಗುವಿನ ಪರವಾಗಿ ಇನ್ನೊಬ್ಬರಿಂದ ನಿದ್ದೆ ಮಾಡಿಸಲು ಆಗದು.

ಒಂದು ವಾರ ದಿನಚರಿ ಬರೆಯಿರಿ. ದಿನವನ್ನು ಅರ್ಧ ಗಂಟೆಯ ತುಂಡುಗಳಾಗಿ ಮಾಡಿ, ಪ್ರತಿ ತುಂಡಿನಲ್ಲಿ ಯಾರು ಏನು ಮಾಡಿದರು ಎಂದು ಬರೆದು, ಮೂರು ಗುರುತುಗಳಲ್ಲಿ ಒಂದನ್ನು ಹಾಕಿ: ಮಗುವಿನ ಮೇಲೆಯೇ ಕೈಯಿಟ್ಟು ಮಾಡಿದ ಕೆಲಸ, ಬೇರೆ ಕೆಲಸದ ಜೊತೆಗೆ ಮಾಡಿದ ಆರೈಕೆ, ಮತ್ತು ಬರೀ ಕಾವಲು. ಸಂಜೆ 6ಕ್ಕೆ ಉಣಿಸುವುದು ಮೊದಲನೆಯದು. 6.30ಕ್ಕೆ ಅಡುಗೆ ಮಾಡುತ್ತಲೇ ನೆಲದ ಮೇಲೆ ಆಡುವ ಮಗುವಿನ ಮೇಲೆ ಕಣ್ಣಿಟ್ಟಿರುವುದು ಎರಡನೆಯದು. 8ಕ್ಕೆ ಮಗು ಮಲಗಿದ ಮೇಲೆ ಮನೆ ಬಿಟ್ಟು ಹೋಗಲಾರದೆ ಇರುವುದು ಮೂರನೆಯದು. ರಾತ್ರಿ 2ಕ್ಕೆ ಎದ್ದ ಮಗುವನ್ನು ಮತ್ತೆ ಮಲಗಿಸಲು ಹಿಡಿದ 40 ನಿಮಿಷವನ್ನು ಮರೆಯಬೇಡಿ. ಬೆಳಗಾದ ಮೇಲೆ ಅದು ನೆನಪಿನಿಂದ ಜಾರುವುದರಿಂದ ಹಾಸಿಗೆಯ ಪಕ್ಕದಲ್ಲೇ ಕಾಗದವಿರಲಿ. ಲಸಿಕೆಯ ದಿನಾಂಕ ನೆನಪಿಡುವುದು, ಚಿಕ್ಕದಾದ ಬಟ್ಟೆಗೆ ಬದಲಿ ಹುಡುಕುವುದು, ಶಾಲೆಯ ಅರ್ಜಿಗೆ ದಾಖಲೆ ಜೋಡಿಸುವುದು ಇವೂ ಗಂಟೆಗಳೇ, ಇವಕ್ಕೂ ಸಾಲುಗಳಿರಬೇಕು.

ವಾರದ ಗಂಟೆಗಳಿಗೆ ಬೆಲೆ ಕಟ್ಟಲು ಎರಡು ದಾರಿಗಳಿವೆ. ಆ ಕೆಲಸಕ್ಕೆ ಬೇರೆಯವರನ್ನು ನೇಮಿಸಿದರೆ ಎಷ್ಟು ಕೊಡಬೇಕಾಗುತ್ತದೆ ಎಂದು ಎಣಿಸುವುದು ಬದಲಿ ವೆಚ್ಚ. ಆ ಸಮಯದಲ್ಲಿ ಆರೈಕೆ ಮಾಡಿದವರು ತಾವೇ ಎಷ್ಟು ಗಳಿಸಬಹುದಿತ್ತು ಎಂದು ಎಣಿಸುವುದು ಅವಕಾಶ ವೆಚ್ಚ. ಎರಡನ್ನೂ ಕೂಡಿಸಬಾರದು, ಕೂಡಿಸಿದರೆ ಒಂದೇ ಗಂಟೆಯನ್ನು ಎರಡು ಬಾರಿ ಎಣಿಸಿದಂತಾಗುತ್ತದೆ. ಅವಕಾಶ ವೆಚ್ಚದಲ್ಲಿ ವೈದ್ಯೆಯೊಬ್ಬರು ಉಣಿಸಿದ ತುತ್ತು ಕೂಲಿಕಾರ್ಮಿಕರು ಉಣಿಸಿದ ತುತ್ತಿಗಿಂತ ದುಬಾರಿಯಾಗಿಬಿಡುತ್ತದೆ, ಮಗುವಿಗೆ ಅದರಿಂದ ವ್ಯತ್ಯಾಸವಿಲ್ಲ. ಹೀಗಾಗಿ ಕೆಲಸ ಬಿಡಬೇಕೇ ಎಂಬ ಪ್ರಶ್ನೆಗೆ ಅವಕಾಶ ವೆಚ್ಚವನ್ನೂ, ಮಾಡಿದ ಆರೈಕೆಯ ಬೆಲೆ ಎಷ್ಟು ಎಂಬ ಪ್ರಶ್ನೆಗೆ ಬದಲಿ ವೆಚ್ಚವನ್ನೂ ಬಳಸುವುದು ಸೂಕ್ತ. ಬರೀ ಕಾವಲಿನ ಗಂಟೆಗಳಿಗೆ ಪೂರ್ಣ ಬೆಲೆಗಿಂತ ಕಡಿಮೆ ಇಡಬಹುದು, ಸೊನ್ನೆ ಇಡಬಾರದು.

ದೇಶಗಳ ಒಟ್ಟು ದೇಶೀಯ ಉತ್ಪನ್ನದಲ್ಲಿ ಈ ಕೆಲಸ ಸೇರುವುದಿಲ್ಲ. ಅದೇ ಕೆಲಸವನ್ನು ಸಂಬಳ ಕೊಟ್ಟು ಮಾಡಿಸಿದರೆ ಸೇರುತ್ತದೆ. ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ 2018ರಲ್ಲಿ, 64 ದೇಶಗಳ ಸಮಯ ಬಳಕೆಯ ಸಮೀಕ್ಷೆಗಳನ್ನು ಆಧರಿಸಿ, ಮಕ್ಕಳು, ವೃದ್ಧರು ಮತ್ತು ಮನೆವಾರ್ತೆಯ ಎಲ್ಲ ಬಗೆಯ ವೇತನರಹಿತ ಆರೈಕೆಗೆ ದಿನಕ್ಕೆ 1,640 ಕೋಟಿ ಗಂಟೆಗಳು ವ್ಯಯವಾಗುತ್ತವೆ ಎಂದು ಅಂದಾಜಿಸಿತು. ಇದು 200 ಕೋಟಿ ಜನ ದಿನಕ್ಕೆ 8 ಗಂಟೆ ದುಡಿದದ್ದಕ್ಕೆ ಸಮ. ಕನಿಷ್ಠ ವೇತನದಲ್ಲಿ ಬೆಲೆ ಕಟ್ಟಿದರೂ ಜಾಗತಿಕ ಉತ್ಪನ್ನದ ಶೇಕಡ 9. ಇದರ ಮುಕ್ಕಾಲು ಪಾಲನ್ನು, ನಿಖರವಾಗಿ ಶೇಕಡ 76.2ನ್ನು, ಮಹಿಳೆಯರು ಮಾಡುತ್ತಾರೆ. ನಿಮ್ಮ ವಾರದ ದಿನಚರಿಯಲ್ಲಿ ಈ ಪ್ರಮಾಣ ಎಷ್ಟು ಬಂದಿದೆ ಎಂದು ನೋಡಿ. ಕೂಡಿಸುವ ಮೊದಲು ಇಬ್ಬರೂ ತಮ್ಮ ತಮ್ಮ ಊಹೆಯನ್ನು ಬರೆದಿಟ್ಟುಕೊಂಡರೆ, ನಂತರದ ಮಾತುಕತೆ ವಾದವಾಗದೆ ಚರ್ಚೆಯಾಗುತ್ತದೆ.

ಮೌಲ್ಯವನ್ನು ಎಲ್ಲಿ ಬರೆಯಬೇಕು

ಖರ್ಚಿನ ಪುಟ ತುಂಬಿದ ಮೇಲೆ ಎದುರಿನ ಪುಟದಲ್ಲಿ ಆದಾಯ ಬರೆಯಬೇಕೆಂಬ ಆಸೆ ಸಹಜ. ಅದನ್ನು ಮಾಡಬೇಡಿ ಎಂಬುದು ನನ್ನ ಖಚಿತವಾದ ಸಲಹೆ. ಮಕ್ಕಳಿಂದ ಮೌಲ್ಯವಿಲ್ಲವೆಂದಲ್ಲ, ಆ ಮೌಲ್ಯ ಬೇರೆ ಬೇರೆ ಜನರ ಕೈ ಸೇರುತ್ತದೆ, ಖರ್ಚು ಮಾತ್ರ ಪೋಷಕರದಾಗಿರುತ್ತದೆ.

ಬೇಸಾಯ ಪ್ರಧಾನವಾದ ಸಮಾಜಗಳಲ್ಲಿ ಮಕ್ಕಳು ಎಳೆವಯಸ್ಸಿನಲ್ಲೇ ದುಡಿಯುತ್ತಿದ್ದರು, ವೃದ್ಧಾಪ್ಯದಲ್ಲಿ ಆಸರೆಯಾಗುತ್ತಿದ್ದರು. ಸಂಪತ್ತು ಕಿರಿಯರಿಂದ ಹಿರಿಯರ ಕಡೆಗೆ ಹರಿಯುತ್ತಿತ್ತು, ಸಾರ್ವತ್ರಿಕ ಶಿಕ್ಷಣ ಬಂದಂತೆ ಆ ಹರಿವು ತಿರುಗಿತು, ಕುಟುಂಬಗಳು ಚಿಕ್ಕದಾದವು ಎಂಬುದು ಆಸ್ಟ್ರೇಲಿಯಾದ ಜನಸಂಖ್ಯಾ ತಜ್ಞ ಜಾನ್ ಕಾಲ್ಡ್‌ವೆಲ್ 1976ರಲ್ಲಿ ಮಂಡಿಸಿದ ವಾದ. ನಂತರದ ಸಂಶೋಧಕರು ಇದರ ಮೊದಲ ಭಾಗವನ್ನು ಪ್ರಶ್ನಿಸಿದ್ದಾರೆ; ಹಳೆಯ ಸಮಾಜಗಳಲ್ಲೂ ಮಕ್ಕಳು ತಾವು ಗಳಿಸಿದ್ದಕ್ಕಿಂತ ಹೆಚ್ಚನ್ನು ಬಳಸುತ್ತಿದ್ದರು ಎಂಬುದು ಅವರ ನಿಲುವು. ಇಂದಿನ ಸ್ಥಿತಿಯ ಬಗ್ಗೆ ಮಾತ್ರ ಭಿನ್ನಾಭಿಪ್ರಾಯವಿಲ್ಲ: ಹಣ ಪೋಷಕರಿಂದ ಮಕ್ಕಳಿಗೆ ಹೋಗುತ್ತದೆ.

ಹಾಗಾದರೆ ಆ ಮಗು ಮುಂದೆ ಗಳಿಸುವುದು ಯಾರಿಗೆ ಸಿಗುತ್ತದೆ? ಬಹುಪಾಲು ಅದಕ್ಕೇ ಸಿಗುತ್ತದೆ, ಅದು ನ್ಯಾಯವೂ ಹೌದು. ಇನ್ನೊಂದು ಪಾಲು ತೆರಿಗೆಯಾಗಿ ಎಲ್ಲರಿಗೂ ಸಿಗುತ್ತದೆ. ದುಡಿಯುವವರ ಇಂದಿನ ವಂತಿಗೆಯಿಂದಲೇ ಇಂದಿನ ನಿವೃತ್ತರಿಗೆ ಹಣ ಕೊಡುವ ಪಿಂಚಣಿ ವ್ಯವಸ್ಥೆಯಲ್ಲಿ, ಮಕ್ಕಳನ್ನು ಬೆಳೆಸಿದವರಿಗೂ ಬೆಳೆಸದವರಿಗೂ ಮುಂದಿನ ಪೀಳಿಗೆಯೇ ಪಿಂಚಣಿ ಕೊಡುತ್ತದೆ. ಮಕ್ಕಳು ಒಂದರ್ಥದಲ್ಲಿ ಸಾರ್ವಜನಿಕ ಸೊತ್ತು, ಅವರನ್ನು ಬೆಳೆಸುವ ವೆಚ್ಚವನ್ನು ಮಾತ್ರ ಪೋಷಕರು, ವಿಶೇಷವಾಗಿ ತಾಯಂದಿರು, ಭರಿಸುತ್ತಾರೆ ಎಂದು ಅರ್ಥಶಾಸ್ತ್ರಜ್ಞೆ ನ್ಯಾನ್ಸಿ ಫೋಲ್ಬ್ರೆ 1990ರ ದಶಕದಲ್ಲೇ ವಾದಿಸಿದ್ದು ಇದೇ ಕಾರಣಕ್ಕೆ. ದಕ್ಷಿಣ ಕೊರಿಯಾದಲ್ಲಿ 2023ರಲ್ಲಿ ಪ್ರತಿ ಮಹಿಳೆಗೆ ಸರಾಸರಿ 0.72 ಮಕ್ಕಳು ಎಂಬ ಮಟ್ಟಕ್ಕೆ ಜನನದರ ಇಳಿದಿತ್ತು. ಜನಸಂಖ್ಯೆ ಸ್ಥಿರವಾಗಿರಲು ಬೇಕಾದದ್ದು ಸುಮಾರು 2.1. ಮಕ್ಕಳ ಮೌಲ್ಯ ಸಮಾಜಕ್ಕೆ ಹೋಗಿ ವೆಚ್ಚ ಮನೆಯಲ್ಲೇ ಉಳಿದರೆ ಏನಾಗುತ್ತದೆ ಎಂಬುದನ್ನು ಸರ್ಕಾರಗಳು ಈಗ ನೋಡುತ್ತಿವೆ. ಪಾಲನಾ ರಜೆ, ಮಕ್ಕಳ ಭತ್ಯೆ, ತೆರಿಗೆ ವಿನಾಯಿತಿಗಳು ದಾನವಲ್ಲ, ಆ ವೆಚ್ಚದ ಒಂದು ಭಾಗದ ಮರುಪಾವತಿ. ನಿಮಗೆ ಅನ್ವಯಿಸುವ ಪ್ರತಿಯೊಂದನ್ನೂ ಪಟ್ಟಿ ಮಾಡಿ, ಸಂಕೋಚವಿಲ್ಲದೆ ಪಡೆದುಕೊಂಡು, ಖರ್ಚಿನ ಪುಟದಿಂದ ಕಳೆಯಿರಿ. ಮೌಲ್ಯದ ಕಡೆಯಿಂದ ಈ ಪುಟಕ್ಕೆ ಬರಬಹುದಾದ ಸಾಲು ಇದೊಂದೇ.

ಮಗುವಿನೊಂದಿಗಿನ ಬಾಳಿನ ಸಂತೋಷ, ನಂಟು, ಅರ್ಥ ಇವು ಮೌಲ್ಯವಲ್ಲವೇ ಎಂದು ಕೇಳಬಹುದು. ಅವೇ ನಿಜವಾದ ಮೌಲ್ಯ, ಅದಕ್ಕಾಗಿಯೇ ಅವಕ್ಕೆ ಅಂಕಿ ಹಾಕಬಾರದು. ಅಂಕಿ ಹಾಕಿದ ತಕ್ಷಣ ಖರ್ಚಿನೊಂದಿಗೆ ತೂಗುವ ಮನಸ್ಸಾಗುತ್ತದೆ, ಮಗು ಮುಂದೊಂದು ದಿನ ಆ ತೂಕಕ್ಕೆ ಲೆಕ್ಕ ಒಪ್ಪಿಸಬೇಕಾಗುತ್ತದೆ. ಈ ಪುಸ್ತಕ ಮಗುವಿನ ಕೈಗೆ ಸಾಲಪತ್ರವಾಗಿ ಎಂದೂ ಬರಬಾರದು.

ಲೆಕ್ಕದಿಂದ ತೀರ್ಮಾನಕ್ಕೆ

ಮಗುವನ್ನು ನಿಮ್ಮ ಪಿಂಚಣಿಯೆಂದು ಎಣಿಸಬೇಡಿ. ಶಿಕ್ಷಣ ನಿಧಿಗೂ ನಿಮ್ಮ ನಿವೃತ್ತಿ ನಿಧಿಗೂ ಹಣ ಸಾಲದಿದ್ದಾಗ ನಿವೃತ್ತಿ ನಿಧಿಗೇ ಮೊದಲ ಸ್ಥಾನ ಕೊಡಿ. ಇದು ಸ್ವಾರ್ಥದಂತೆ ಕೇಳಿಸುತ್ತದೆ. ಆದರೆ ಓದಿಗೆ ಸಾಲ ಸಿಗುತ್ತದೆ, ವಿದ್ಯಾರ್ಥಿವೇತನ ಸಿಗುತ್ತದೆ, ವೃದ್ಧಾಪ್ಯಕ್ಕೆ ಎರಡೂ ಸಿಗುವುದಿಲ್ಲ; ಉಳಿತಾಯವಿಲ್ಲದ ಪೋಷಕರ ಖರ್ಚು ಕೊನೆಗೆ, ತನ್ನದೇ ಮಕ್ಕಳನ್ನು ಬೆಳೆಸುತ್ತಿರುವ ಹೊತ್ತಿನಲ್ಲಿ, ಅದೇ ಮಗುವಿನ ಮೇಲೆ ಬೀಳುತ್ತದೆ.

ಹೆಚ್ಚುವರಿ ಹಣವಿದ್ದರೆ ಎಲ್ಲಿ ಹಾಕಬೇಕು ಎಂಬುದಕ್ಕೆ ಸಂಶೋಧನೆ ಒಂದು ದಿಕ್ಕನ್ನು ತೋರಿಸುತ್ತದೆ. ಮಿಷಿಗನ್‌ನ ಇಪ್ಸಿಲ್ಯಾಂಟಿಯಲ್ಲಿ 1962ರಿಂದ 1967ರವರೆಗೆ ನಡೆದ ಪೆರ್ರಿ ಶಾಲಾಪೂರ್ವ ಪ್ರಯೋಗದಲ್ಲಿ ಬಡ ಕುಟುಂಬಗಳ 123 ಮಕ್ಕಳಿದ್ದರು. ಅವರಲ್ಲಿ 58 ಮಕ್ಕಳಿಗೆ ಒಳ್ಳೆಯ ಶಿಕ್ಷಕರಿಂದ ಶಾಲಾಪೂರ್ವ ಶಿಕ್ಷಣ ದೊರೆಯಿತು, ಶಿಕ್ಷಕರು ವಾರಕ್ಕೊಮ್ಮೆ ಮನೆಗೂ ಬರುತ್ತಿದ್ದರು. ಆ ಮಕ್ಕಳ ನಂತರದ ದಶಕಗಳ ಬದುಕನ್ನು ನೋಡಿ ಅರ್ಥಶಾಸ್ತ್ರಜ್ಞ ಜೇಮ್ಸ್ ಹೆಕ್‌ಮನ್ ಮತ್ತು ಸಂಗಡಿಗರು 2010ರಲ್ಲಿ ಅಂದಾಜಿಸಿದಂತೆ, ಹಾಕಿದ ಹಣಕ್ಕೆ ವರ್ಷಕ್ಕೆ ಶೇಕಡ 7ರಿಂದ 10ರಷ್ಟು ಸಾಮಾಜಿಕ ಪ್ರತಿಫಲ ಬಂದಿತ್ತು. ಪ್ರಯೋಗ ಚಿಕ್ಕದು; ಅದು ಕೊರತೆಯಲ್ಲಿದ್ದ ಮಕ್ಕಳ ಮೇಲೆ ನಡೆದದ್ದು; ಅನುಕೂಲವಂತ ಮನೆಯ ಮಗುವಿಗೆ ಇಷ್ಟೇ ಲಾಭವಾಗುತ್ತದೆ ಎಂದು ಅದರಿಂದ ಹೇಳಲಾಗದು. ಆದರೆ ಅಲ್ಲಿ ಹಣ ಹೋದದ್ದು ದುಬಾರಿ ಆಟಿಕೆಗಳಿಗಲ್ಲ, ಮಗುವಿನೊಂದಿಗೆ ಮಾತನಾಡುವ, ಕೇಳಿಸಿಕೊಳ್ಳುವ ಹಿರಿಯರ ಸಮಯಕ್ಕೆ ಎಂಬುದು ಮುಖ್ಯ. ನಿಮ್ಮ ಪುಟದಲ್ಲಿ ವಸ್ತುಗಳ ಸಾಲನ್ನು ಇಳಿಸಿ, ದಣಿದ ಪೋಷಕರಿಗೆ ಬಿಡುವು ಕೊಡಿಸುವ ಸಹಾಯದ ಸಾಲನ್ನು ಏರಿಸಿದರೆ ಅದು ಒಳ್ಳೆಯ ಬದಲಾವಣೆ.

ಲೆಕ್ಕವನ್ನು ವರ್ಷಕ್ಕೊಮ್ಮೆ ತಿದ್ದಿದರೆ ಸಾಕು, ಜೊತೆಗೆ ಕೆಲಸ ಬದಲಾದಾಗ, ಮನೆ ಬದಲಾದಾಗ, ಶಾಲೆ ಆರಂಭವಾದಾಗ. ಕನಿಷ್ಠ ಆರು ತಿಂಗಳ ಖರ್ಚಿನಷ್ಟು ತುರ್ತು ನಿಧಿ ಇರಲಿ. ಮಗು ಬಂದ ಮೇಲೆ ತಿಂಗಳ ಖರ್ಚು ಹೆಚ್ಚಿರುವುದರಿಂದ ಹಳೆಯ ನಿಧಿ ತಾನಾಗಿಯೇ ಕಡಿಮೆಯಾಗಿರುತ್ತದೆ ಎಂಬುದು ಹಲವರ ಗಮನಕ್ಕೆ ಬರುವುದಿಲ್ಲ. ಜೀವವಿಮೆಯನ್ನು ಸಾಮಾನ್ಯವಾಗಿ ಗಳಿಸುವವರ ಹೆಸರಿನಲ್ಲಿ ಮಾತ್ರ ಮಾಡಿಸುತ್ತಾರೆ. ಮನೆಯಲ್ಲಿದ್ದು ಆರೈಕೆ ಮಾಡುವವರು ಇಲ್ಲವಾದರೆ ಅಥವಾ ದೀರ್ಘಕಾಲ ಹಾಸಿಗೆ ಹಿಡಿದರೆ, ಅವರು ಮಾಡುತ್ತಿದ್ದ ಕೆಲಸಕ್ಕೆ ಮರುದಿನದಿಂದಲೇ ಹಣ ಕೊಡಬೇಕಾಗುತ್ತದೆ. ದಿನಚರಿಯಿಂದ ಬಂದ ಬದಲಿ ವೆಚ್ಚವನ್ನು ವರ್ಷಕ್ಕೆ ಲೆಕ್ಕ ಹಾಕಿ, ಕಿರಿಯ ಮಗು ಸ್ವತಂತ್ರವಾಗುವವರೆಗಿನ ವರ್ಷಗಳಿಂದ ಗುಣಿಸಿ. ಮಗು ದೊಡ್ಡದಾದಂತೆ ಗಂಟೆಗಳು ಇಳಿಯುವುದರಿಂದ ಕೊನೆಯ ವರ್ಷಗಳಿಗೆ ಕಡಿಮೆ ಹಿಡಿಯಬಹುದು. ಬರುವ ಮೊತ್ತವೇ ಅವರ ಹೆಸರಿನಲ್ಲಿ ಮಾಡಿಸಬೇಕಾದ ವಿಮೆಯ ಕನಿಷ್ಠ ಮೊತ್ತ.